ಲೋಗೋದಲ್ಲೇ ನಿಂತ ಸ್ಯಾಮ್‌ಸಂಗ್‌ಗೆ ಓಡಿನ್‌ನಿಂದ ಸಾಫ್ಟ್‌ವೇರ್ ಹಾಕುವ ಬಗೆ

ಕಲಬುರಗಿಯ ಅಂಗಡಿಗೆ ಸೆಕೆಂಡ್ ಹ್ಯಾಂಡ್ ಫೋನ್ ಬಂದರೆ ಮೊದಲು ಐಎಂಇಐ (ಪ್ರತಿ ಫೋನಿನ ಗುರುತಿನ ಸಂಖ್ಯೆ) ನೋಡಿ. ಕೆವೈಎಂ ಎಂದು ಬರೆದು, ಜಾಗ ಬಿಟ್ಟು, 15 ಅಂಕಿ ಹಾಕಿ 14422ಕ್ಕೆ ಎಸ್ಸೆಮ್ಮೆಸ್ ಮಾಡಿ. ಕಳವಿನದೆಂದು ಬಂದರೆ ಕೈಹಾಕಬೇಡಿ.

ಓಡಿನ್ ಎಂದರೆ ಕಂಪ್ಯೂಟರಿನಿಂದ ಸ್ಯಾಮ್‌ಸಂಗ್ ಫೋನಿಗೆ ಸಾಫ್ಟ್‌ವೇರ್ ಹಾಕುವ ಪ್ರೋಗ್ರಾಂ. ಫೋನಿನ ಬ್ಯಾಟರಿ ಅರ್ಧಕ್ಕಿಂತ ಹೆಚ್ಚಿರಲಿ. ಕರೆಂಟಿನ ಭರವಸೆ ಇಲ್ಲದ ಕಡೆ ಲ್ಯಾಪ್‌ಟಾಪೇ ಒಳ್ಳೆಯದು. ನಡುವೆ ಕರೆಂಟ್ ಹೋದರೆ ಫೋನ್ ಏಳದೇ ಹೋಗಬಹುದು.

ಫರ್ಮ್‌ವೇರ್ (ಫೋನಿಗೆ ಹಾಕುವ ಮೂಲ ಸಾಫ್ಟ್‌ವೇರ್) ಆರಿಸುವಲ್ಲೇ ಬಹಳಷ್ಟು ಜನ ಎಡವುತ್ತಾರೆ. ಮಾಡೆಲ್ ನಂಬರ್ ಅಕ್ಷರಶಃ ಹೊಂದಬೇಕು. ಆವೃತ್ತಿಯ ಹೆಸರಿನಲ್ಲಿ ಕೊನೆಯಿಂದ ಐದನೆಯದು ಬೂಟ್‌ಲೋಡರ್ (ಫೋನ್ ಆನ್ ಆಗುವಾಗ ಮೊದಲು ಓಡುವ ಪ್ರೋಗ್ರಾಂ) ಅಂಕಿ. ಫೋನಿನಲ್ಲಿ 5 ಇದ್ದು ಫೈಲಿನಲ್ಲಿ 4 ಇದ್ದರೆ 'ರೆವ್ ಚೆಕ್ ಫೇಲ್' ಎಂದು ನಿಲ್ಲುತ್ತದೆ. ಹಿಂದಕ್ಕೆ ಹೋಗುವ ದಾರಿಯಿಲ್ಲ.

ಕಂಪ್ಯೂಟರಿಗೆ ಸ್ಯಾಮ್‌ಸಂಗ್ ಯುಎಸ್‌ಬಿ ಡ್ರೈವರ್ ಹಾಕಿ. ಹೊಸ ಮಾಡೆಲ್‌ಗಳಲ್ಲಿ ಫೋನ್ ಆಫ್ ಮಾಡಿ, ಎರಡೂ ವಾಲ್ಯೂಮ್ ಬಟನ್ ಒತ್ತಿಹಿಡಿದು ಕೇಬಲ್ ಚುಚ್ಚಿ, ಆಮೇಲೆ ವಾಲ್ಯೂಮ್ ಅಪ್ ಒತ್ತಿದರೆ ಫೋನ್ ಸಾಫ್ಟ್‌ವೇರ್ ಪಡೆಯಲು ಸಿದ್ಧವಾಗುತ್ತದೆ. ಓಡಿನ್‌ನಲ್ಲಿ 'ಆ್ಯಡೆಡ್' ಕಾಣದಿದ್ದರೆ ಮೊದಲು ಕೇಬಲ್ ಬದಲಿಸಿ, ಬಹುತೇಕ ತಪ್ಪು ಅಲ್ಲೇ ಇರುತ್ತದೆ. ಓಡಿನ್‌ನ ಬಿಎಲ್, ಎಪಿ, ಸಿಪಿ ಖಾನೆಗಳಿಗೆ ಫರ್ಮ್‌ವೇರಿನ ಅದೇ ಹೆಸರಿನ ಫೈಲ್ ತುಂಬಿ. ನಾಲ್ಕನೆಯದಾದ ಸಿಎಸ್‌ಸಿ (ದೇಶ, ನೆಟ್‌ವರ್ಕಿನ ಸೆಟ್ಟಿಂಗ್) ಖಾನೆಗೆ ಹೋಮ್ ಸಿಎಸ್‌ಸಿ ಫೈಲ್ ಕೊಟ್ಟರೆ ಸಾಮಾನ್ಯವಾಗಿ ಡೇಟಾ ಉಳಿಯುತ್ತದೆ. 'ಹೋಮ್' ಇಲ್ಲದ ಬರೀ ಸಿಎಸ್‌ಸಿ ಫೈಲ್ ಎಲ್ಲ ಅಳಿಸುತ್ತದೆ. ಮಕ್ಕಳ ಫೋಟೊ ಇರುವ ಫೋನಿಗೆ ಇದನ್ನು ಎರಡು ಸಲ ನೋಡಿ. ಓಡಿನ್‌ನ ರೀ-ಪಾರ್ಟಿಶನ್ (ಮೆಮೊರಿಯ ಭಾಗಗಳನ್ನು ಮತ್ತೆ ಹಂಚುವ) ಆಯ್ಕೆ ಮುಟ್ಟಬೇಡಿ.

ಡೇಟಾ ಅಳಿಸಿದ ಮೇಲೆ ಹಳೆಯ ಗೂಗಲ್ ಖಾತೆ ಕೇಳುತ್ತದೆ. ಪಾಸ್‌ವರ್ಡ್ ನೆನಪಿದೆಯೇ ಎಂದು ಗಿರಾಕಿಯನ್ನು ಮೊದಲೇ ಕೇಳಿಕೊಳ್ಳಿ.