ಕಿವುಡ ರೈಟರ್

ಕೊಡಗಿನ ಸುಂಟಿಕೊಪ್ಪದ ಹತ್ತಿರದ ಕಾಫಿ ತೋಟವೊಂದಕ್ಕೆ ನಾನು ರೈಟರ್ (ಲೆಕ್ಕ ಬರೆಯುವ ಗುಮಾಸ್ತ) ಆಗಿ ಸೇರಿದ್ದು 1975ರ ಕಕ್ಕಡದ, ಅಂದರೆ ಜುಲೈ-ಆಗಸ್ಟ್‌ನ, ಮಳೆಯಲ್ಲಿ. ಜೂನ್ 25ರ ರಾತ್ರಿ ತುರ್ತುಪರಿಸ್ಥಿತಿ ಬಂದಿತ್ತು. ಶಿವಮೊಗ್ಗದಲ್ಲಿ ನನ್ನ ಜೊತೆ ಕರಪತ್ರ ಹಂಚಿದವರು ವಿಚಾರಣೆಯಿಲ್ಲದೆ ಬಂಧಿಸಿಡುವ ಮೀಸಾ ಕಾಯ್ದೆಯಡಿ ಆಗಲೇ ಒಳಗಿದ್ದರು. ಮನೆಯವರಿಗೂ ಹೇಳದೆ ಬಸ್ ಹತ್ತಿದ್ದೆ.

ಹೊಸ ಹೆಸರು, ಹಾಸನದ ಕಡೆಯ ಒಂದು ಊರು, ತೀರಿಕೊಂಡ ತಂದೆ, ಎಲ್ಲವನ್ನೂ ದಾರಿಯಲ್ಲೇ ಕಟ್ಟಿಕೊಂಡೆ. (ಗಟ್ಟಿಮುಟ್ಟಾಗಿದ್ದ ಅಪ್ಪನನ್ನು ಸಾಯಿಸಿದ್ದಕ್ಕೆ ಈಗಲೂ ನಾಚಿಕೆಯಾಗುತ್ತದೆ.) ಆದರೆ ಕೈಕೊಟ್ಟದ್ದು ಕಿವಿ. ಮೊದಲ ವಾರ ಕೂಲಿಯವರ ಲೈನ್ ಮನೆ ಕಡೆಯಿಂದ ಯಾರೋ ಆ ಹೊಸ ಹೆಸರು ಹಿಡಿದು ಮೂರು ಸಲ ಕೂಗಿದರೂ ನಾನು ಚೆಕ್‌ರೋಲ್ (ಹಾಜರಿ, ಕೂಲಿಯ ಲೆಕ್ಕದ ಪುಸ್ತಕ) ಬರೆಯುತ್ತಲೇ ಇದ್ದೆ. "ಪಾಪ, ರೈಟರಿಗೆ ಕಿವಿ ಮಂದ" ಎಂದಳು ಒಬ್ಬ ಹೆಂಗಸು. ಅಂದಿನಿಂದ ಕಿವುಡನಾದೆ.

ಗಡ್ಡಕ್ಕಿಂತ ಒಳ್ಳೆಯ ವೇಷ ಅದು. ಸಿಖ್ಖರಂತೆ ಪೇಟ ಸುತ್ತಿ ಓಡಾಡಿದ ಸಮಾಜವಾದಿ ನಾಯಕ ಜಾರ್ಜ್ ಫರ್ನಾಂಡಿಸರೇ 1976ರ ಜೂನ್ 10ರಂದು ಕಲ್ಕತ್ತೆಯಲ್ಲಿ ಸಿಕ್ಕಿಬಿದ್ದರು. ನನ್ನನ್ನು ಅಷ್ಟಾಗಿ ಹುಡುಕುವವರೂ ಇರಲಿಲ್ಲ, ಬಿಡಿ. ಆದರೂ ಕಿವುಡುತನಕ್ಕೆ ಬೆಲೆ ತೆರಬೇಕು. ನೆರಳಿನ ಮರಗಳ ಕೊಂಬೆ ಕಡಿಯುವ ಕಪಾತಿನ ದಿನ ಮೇಲಿನಿಂದ "ಸರೀರಿ" ಎಂದು ಕೂಗಿದರೂ ಅಲುಗಾಡದೆ ನಿಂತೆ. ಸಿಲ್ವರ್ ಮರದ ಕೊಂಬೆ ಭುಜ ತರಚಿಕೊಂಡು ಬಿತ್ತು. ಅದಕ್ಕಿಂತ ನೋವಾದದ್ದು ಬೇರೆ. ಕಿವುಡನ ಎದುರು ಜನ ಏನನ್ನೂ ಮುಚ್ಚಿಡುವುದಿಲ್ಲ. ಯಾರ ಕೂಲಿಯಲ್ಲಿ ಎಷ್ಟು ಮುರಿದುಕೊಳ್ಳುವುದೆಂದು ಮೇಸ್ತ್ರಿಗಳು ನನ್ನ ಮೇಜಿನ ಪಕ್ಕದಲ್ಲೇ ಮಾತಾಡಿಕೊಳ್ಳುತ್ತಿದ್ದರು. ಕೂಲಿಕಾರರ ಹಕ್ಕೆಂದು ಗಂಟಲು ಹರಿಯುವಂತೆ ಭಾಷಣ ಮಾಡಿದ್ದ ನಾನು ತಲೆ ತಗ್ಗಿಸಿ ಅವರು ಹೇಳಿದ ಲೆಕ್ಕವನ್ನೇ ಬರೆದೆ. ಬಾಯಿ ಬಿಟ್ಟಿದ್ದರೆ ನನ್ನ ಗುಟ್ಟು ರಟ್ಟಾಗುತ್ತಿತ್ತು ಎಂಬುದು ನಿಜ. ಹೆದರಿಕೆಯಿತ್ತು ಎಂಬುದು ಇನ್ನೂ ನಿಜ.

1977ರ ಜನವರಿ 18ರ ಸಂಜೆ ಕಣದ ಕಾಫಿಯನ್ನು ಗುಡ್ಡೆ ಮಾಡಿ ಟಾರ್ಪಾಲು ಹೊದಿಸುತ್ತಿದ್ದೆವು. ಸಾಹುಕಾರರ ಜಗಲಿಯ ರೇಡಿಯೋದಲ್ಲಿ ಇಂದಿರಾ ಗಾಂಧಿಯವರ ದನಿ: ಮಾರ್ಚ್‌ನಲ್ಲಿ ಚುನಾವಣೆ. ನಾನು ಟಾರ್ಪಾಲಿನ ಅಂಚಿಗೆ ಕಲ್ಲು ಹೇರುತ್ತಲೇ ಇದ್ದೆ, ಒಂದು ಸಾಕಾಗುವಲ್ಲಿ ನಾಲ್ಕು.

"ರೈಟರೇ, ಇನ್ನು ಮನೆಗೊಂದು ಕಾಗದ ಹಾಕಬಹುದೇನೋ." ಹಿಂದಿನಿಂದ ಸಾಹುಕಾರರು, ಪಿಸುದನಿಯಲ್ಲಿ.

ತಿರುಗಿಬಿಟ್ಟೆ. ಅವರು ನಗಲಿಲ್ಲ, ಹೆಸರೂ ಕೇಳಲಿಲ್ಲ. ರೇಡಿಯೋ ಆರಿಸಲು ಹೋದರು.

ಆ ವಾರದ ಚೆಕ್‌ರೋಲಿಗೂ ಸುಳ್ಳು ಹೆಸರಿನಲ್ಲೇ ಸಹಿ ಹಾಕಿದೆ. ತುರ್ತುಪರಿಸ್ಥಿತಿ ತೆಗೆದದ್ದು ಮಾರ್ಚ್ 21ಕ್ಕೆ.