ಹಿಂಬರಹ ಕೈಗೆ ಬಂದ ಮೇಲೆ

ನನ್ನ ನೇಮಕಾತಿಗೆ ಅನುಮೋದನೆ ಇಲ್ಲ ಎಂಬ ಹಿಂಬರಹ, ಅಂದರೆ ಶಿಕ್ಷಣ ಇಲಾಖೆಯ ಲಿಖಿತ ಉತ್ತರ, ಬಂದ ದಿನ ವಕೀಲರು ಫೋನಿನಲ್ಲಿ ನಕ್ಕರು. ‘ಗುರುಗಳೇ, ಈಗ ನಮ್ಮ ಕೈಗೆ ಒಂದು ಹಿಡಿಕೆ ಸಿಕ್ಕಿತು’ ಎಂದರು. ಮೂರು ವರ್ಷ ಅಲೆದಿದ್ದ ನನಗೆ ಆ ನಗುವಿನ ಮೇಲೆ ಸಿಟ್ಟೇ ಬಂತು.

ಮುಧೋಳ ತಾಲ್ಲೂಕಿನ ಒಂದು ಅನುದಾನಿತ ಪ್ರೌಢಶಾಲೆಯಲ್ಲಿ ಗಣಿತ ಕಲಿಸುತ್ತೇನೆ. ನಿವೃತ್ತಿಯಿಂದ ತೆರವಾದ ಹುದ್ದೆ. ತುಂಬಲು ಅನುಮತಿ ಇತ್ತು, ಜಾಹೀರಾತು, ಸಂದರ್ಶನ ಮುಗಿದು ಆಡಳಿತ ಮಂಡಳಿ ಠರಾವು ಮಾಡಿ ಆದೇಶ ಕೊಟ್ಟಿತ್ತು. ಅನುಮೋದನೆಯಿಲ್ಲದೆ ಸಂಬಳದ ಅನುದಾನ ಬರುವುದಿಲ್ಲ. ಮಂಡಳಿಯ ಗೌರವಧನ ಪೆಟ್ರೋಲಿಗೂ ಸಾಲುತ್ತಿರಲಿಲ್ಲ.

ಅನುಮೋದನೆಯ ಪ್ರಸ್ತಾವನೆ ಹೋದ ಇಲಾಖೆಯ ಕಚೇರಿಯಲ್ಲಿ ಯಾರೂ ‘ಆಗುವುದಿಲ್ಲ’ ಎನ್ನಲಿಲ್ಲ. ತೊಂದರೆ ಅದೇ. ಒಮ್ಮೆ ಮೀಸಲಾತಿ ಬಿಂದು (ಹುದ್ದೆ ಯಾವ ವರ್ಗಕ್ಕೆ ಎಂಬ ಸರದಿ) ತಪ್ಪು ಎಂದರು, ಇನ್ನೊಮ್ಮೆ ಜಾಹೀರಾತಿನ ಮೂಲ ಪತ್ರಿಕೆ ಕೇಳಿದರು. ಎಲ್ಲ ಬಾಯಿಮಾತು. ಪುಣ್ಯಕ್ಕೆ ನಮ್ಮ ಶಾಲೆಯ ಗುಮಾಸ್ತರು ಜಾಹೀರಾತನ್ನು ಕತ್ತರಿಸಿರಲಿಲ್ಲ. ಹಿಂಬದಿಯ ಕಬ್ಬಿನ ಬೀಜದ ಜಾಹೀರಾತಿನ ಸಮೇತ ಇಡೀ ಹಾಳೆಯನ್ನು ಮಡಚಿ ಕಡತಕ್ಕೆ ಹೊಲಿದಿದ್ದರು. ದಿನಾಂಕ, ಆವೃತ್ತಿ ಎರಡೂ ಉಳಿದಿದ್ದವು. ಟಪಾಲಿಗೆ ಕೊಟ್ಟ ಪ್ರತಿ ಅರ್ಜಿಯ ನಕಲಿನ ಮೇಲೆ ಮೊಹರು, ಆವಕ ಸಂಖ್ಯೆ (ಪತ್ರ ಕಚೇರಿಗೆ ಬಂದದ್ದಕ್ಕೆ ಕೊಡುವ ಸಂಖ್ಯೆ) ಹಾಕಿಸಿಕೊಳ್ಳುವುದನ್ನು ಕಲಿಸಿದವರೂ ಅವರೇ. ಒಮ್ಮೆ ಮಸಿ ಹರಡಿ ಕೊನೆಯ ಅಂಕಿ 4 ಇದೆಯೋ 9 ಇದೆಯೋ ತಿಳಿಯದಾಯಿತು. ಬಸ್ ಹತ್ತಲು ಹೋದವನು ಹಿಂದಿರುಗಿ ಇನ್ನೊಮ್ಮೆ ಹಾಕಿಸಿಕೊಂಡೆ. ಟಪಾಲಿನವನು ನನ್ನನ್ನು ನೋಡಿದ ನೋಟ ಇನ್ನೂ ನೆನಪಿದೆ.

ಶಿಕ್ಷಣ ನ್ಯಾಯಮಂಡಳಿಗೆ ಹೋಗು ಎಂದು ಸಹೋದ್ಯೋಗಿಯೊಬ್ಬರು ಹೇಳಿದ್ದರು. ಆದರೆ 1983ರ ಕರ್ನಾಟಕ ಶಿಕ್ಷಣ ಕಾಯ್ದೆಯ 94ನೇ ಕಲಮಿನ ಮೇಲ್ಮನವಿ ಇರುವುದು ಶಾಲೆಯ ಆಡಳಿತ ಮಂಡಳಿಯೇ ಶಿಕ್ಷಕನನ್ನು ವಜಾ ಮಾಡಿದಾಗ ಅಥವಾ ಹುದ್ದೆಯಲ್ಲಿ ಕೆಳಗಿಳಿಸಿದಾಗ. ನನ್ನನ್ನು ಮಂಡಳಿ ಕೈಬಿಟ್ಟಿರಲಿಲ್ಲ, ಸರ್ಕಾರ ಕೈಹಿಡಿದಿರಲಿಲ್ಲ. ಹಾಗಾಗಿ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿನ ಧಾರವಾಡ ಪೀಠಕ್ಕೆ, ಇಲಾಖೆಗೆ ನಿರ್ದೇಶನ ಕೊಡಿ ಎಂದು ಕೋರುವ ರಿಟ್ ಅರ್ಜಿ. ವಿಜಯಪುರದವರಾದರೆ ಕಲಬುರಗಿಗೆ ಹೋಗಬೇಕು. ನಮಗೆ ಲೋಕಾಪುರ, ಯರಗಟ್ಟಿ, ಸವದತ್ತಿ ದಾಟಿದರೆ ಧಾರವಾಡ. ಮಂಡಳಿಯನ್ನೂ ಅರ್ಜಿದಾರರನ್ನಾಗಿ ಸೇರಿಸಿಕೊಂಡೆ. ಮೂಲ ದಾಖಲೆಗಳೆಲ್ಲ ಇರುವುದು ಅವರ ಕಪಾಟಿನಲ್ಲಿ.

ಎಂಟು ವಾರದಲ್ಲಿ ಪ್ರಸ್ತಾವನೆ ಪರಿಗಣಿಸಬೇಕೆಂದು ಆದೇಶವಾಯಿತು. ಗೆದ್ದೆನೆಂದು ಲೈನ್ ಬಜಾರಿನಲ್ಲಿ ಎರಡು ಕಿಲೋ ಪೇಡೆ ಕಟ್ಟಿಸಿಕೊಂಡು ಊರಿಗೆ ಬಂದೆ. ಪರಿಗಣಿಸಿ ಎಂದರೆ ಕೊಡಿ ಎಂದಲ್ಲ ಎಂಬುದು ಪೇಡೆ ಹಂಚಿದ ಮೇಲೆ ತಿಳಿಯಿತು. ವಾರಗಳು ಮುಗಿಯುವ ಹೊತ್ತಿಗೆ ಬಂದದ್ದು ಆ ಹಿಂಬರಹ: ವಿದ್ಯಾರ್ಥಿಗಳ ಸಂಖ್ಯೆ ಕಡಿಮೆ, ಆದ್ದರಿಂದ ತಿರಸ್ಕರಿಸಿದೆ. ಬಿಂದುವಿನ ಮಾತಿಲ್ಲ, ಜಾಹೀರಾತಿನ ಮಾತಿಲ್ಲ.

ವಕೀಲರು ನಕ್ಕದ್ದು ಅದಕ್ಕೆ. ಆದೇಶ ಅದರಲ್ಲಿ ಬರೆದ ಕಾರಣದ ಮೇಲೆಯೇ ನಿಲ್ಲಬೇಕು, ಆಮೇಲೆ ಕೋರ್ಟಿಗೆ ಪ್ರಮಾಣಪತ್ರ (ಅಫಿಡವಿಟ್) ಹಾಕಿ ಹೊಸ ಕಾರಣ ಜೋಡಿಸುವಂತಿಲ್ಲ ಎಂದು ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1977ರಲ್ಲಿಯೇ ಹೇಳಿದೆ. ನಾವು ಒಡೆಯಬೇಕಾದದ್ದು ಒಂದೇ ಕಾರಣವನ್ನು.

ಹತ್ತು ರೂಪಾಯಿಯ ಪೋಸ್ಟಲ್ ಆರ್ಡರ್ ಇಟ್ಟು ಮಾಹಿತಿ ಹಕ್ಕಿನಡಿ ಕಡತದ ಟಿಪ್ಪಣಿ ಹಾಳೆ ಕೇಳಿದೆ. ಅದರಲ್ಲಿತ್ತು: ಪ್ರಸ್ತಾವನೆ ಬಂದ ವರ್ಷ ‘ಮಕ್ಕಳ ಸಂಖ್ಯೆ ಸರಿ ಇದೆ, ಅನುಮೋದಿಸಬಹುದು’ ಎಂದು ಕಡತ ನೋಡಿಕೊಳ್ಳುವ ವಿಷಯ ನಿರ್ವಾಹಕರೇ ಬರೆದಿದ್ದರು. ಸಂಖ್ಯೆ ಇಳಿದದ್ದು ಕಡತ ಅಲ್ಲಿ ಮಲಗಿದ್ದ ವರ್ಷಗಳಲ್ಲಿ. ಅದು ಎಂದಿನಿಂದ ಮಲಗಿತ್ತು ಎನ್ನುವುದಕ್ಕೆ ನನ್ನ ಮೊಹರುಗಳಿದ್ದವು.

ಎರಡನೆಯ ಅರ್ಜಿಯ ವಿಚಾರಣೆ ಇಪ್ಪತ್ತು ನಿಮಿಷದಲ್ಲಿ ಮುಗಿಯಿತು. ಸರ್ಕಾರಿ ವಕೀಲರು ಮೀಸಲಾತಿ ಬಿಂದುವನ್ನು ಎತ್ತಿದಾಗ ನ್ಯಾಯಮೂರ್ತಿಗಳು ‘ಹಿಂಬರಹದಲ್ಲಿ ಎಲ್ಲಿದೆ?’ ಎಂದು ಕೇಳಿದರು. ಹಿಂಬರಹ ರದ್ದಾಯಿತು, ನೇಮಕದ ದಿನದಿಂದಲೇ ಅನುಮೋದನೆ ಕೊಡಲು ನಿರ್ದೇಶನವಾಯಿತು. ಈ ಸಲ ಅನುಮೋದನೆಯ ಪ್ರತಿ ಕೈಗೆ ಬರುವವರೆಗೆ ಪೇಡೆ ಕೊಳ್ಳಲಿಲ್ಲ.

ಸಂಬಳ ಈಗ ತಿಂಗಳು ತಿಂಗಳು ಬರುತ್ತಿದೆ. ಹಿಂದಿನ ವರ್ಷಗಳ ಬಾಕಿ ಬಿಲ್ಲು ಮಾತ್ರ ಇನ್ನೂ ಮೇಲಿನ ಕಚೇರಿಯಲ್ಲಿದೆ. ಅದರ ಆವಕ ಸಂಖ್ಯೆ ನನ್ನ ಡೈರಿಯಲ್ಲಿದೆ.