ಡಾಲ್ಫಿನ್ ಫೋಟೊ ತೆಗೆಯಲು ಕಿವಿ ಬೇಕು

ನಾನು ಬಾಗಲಕೋಟೆಯವನು. ಆಲಮಟ್ಟಿ ಹಿನ್ನೀರಿನಲ್ಲಿ ರಾಜಹಂಸಗಳ ಫೋಟೊ ತೆಗೆದೇ ನನ್ನ ಕೈ ಪಳಗಿದ್ದು. ಪಾಪ, ಅವು ಗಂಟೆಗಟ್ಟಲೆ ಕೆಸರು ಕೆದಕುತ್ತ ಒಂದೇ ಕಡೆ ನಿಂತಿರುತ್ತವೆ. ಅದೇ ಧೈರ್ಯದ ಮೇಲೆ ಚಳಿಗಾಲದಲ್ಲಿ ಬಿಹಾರದ ಕಹಲ್‌ಗಾಂವ್‌ಗೆ ಹೋದೆ. ಸುಲ್ತಾನ್‌ಗಂಜ್‌ನಿಂದ ಅಲ್ಲಿಯವರೆಗಿನ ಗಂಗೆ 1991ರಿಂದ ಡಾಲ್ಫಿನ್‌ಗಳ ಅಭಯಾರಣ್ಯ, ವಿಕ್ರಮಶಿಲಾ ಅಂತ ಹೆಸರು.

ಮೊದಲ ದಿನ ನಾನೂರು ಫೋಟೊ ತೆಗೆದೆ. ಎಲ್ಲದರಲ್ಲೂ ಬರೀ ನೀರಿನ ಉಂಗುರ!

ತಪ್ಪು ನನ್ನದೇ. ಕಂಡ ಮೇಲೆ ಕ್ಯಾಮೆರಾ ತಿರುಗಿಸುತ್ತಿದ್ದೆ. ಸಮುದ್ರದ ಡಾಲ್ಫಿನ್ ಥರ ಇದು ಜಿಗಿದು ಆಟ ತೋರಿಸುವುದು ಕಡಿಮೆ. ಉಸಿರಿಗೆ ಮೇಲೆ ಬರುತ್ತದೆ, ಒಂದೆರಡು ಸೆಕೆಂಡಿನಲ್ಲಿ ಮಾಯ.

ಮರುದಿನ ದೋಣಿಯವರು ಇಂಜಿನ್ ಬಂದ್ ಮಾಡಿ, ಸುಮ್ನೆ ಕೂತು ಕೇಳಿ ಎಂದರು. ಕಣ್ಣು ಮುಚ್ಚಿ ಕೂತೆ. ಸ್ವಲ್ಪ ಹೊತ್ತಿಗೆ ಎಡಗಡೆ 'ಫುಸ್ಸ್'. ನಮ್ಮ ಹೊಳೆಯಲ್ಲಿ ಮೂಗಿನವರೆಗೆ ಮುಳುಗಿದ ಎಮ್ಮೆ ಉಸಿರು ಬಿಡುತ್ತಲ್ಲ, ಥೇಟ್ ಅದೇ. ಈ ಸದ್ದಿನಿಂದಲೇ ಅದಕ್ಕೆ ಅಲ್ಲಿ 'ಸೋಂಸ್' ಅಂತ ಹೆಸರು.

ಇಂಜಿನ್ ನಿಂತರೆ ಅದಕ್ಕೂ ನೆಮ್ಮದಿ. ಅದರ ಕಣ್ಣು ಸೂಜಿಯಿಂದ ಚುಚ್ಚಿದ ತೂತಿನಷ್ಟು, ಒಳಗೆ ಮಸೂರವೇ ಇಲ್ಲ. ಬೆಳಕಿದೆಯೋ ಕತ್ತಲೋ, ಅಷ್ಟು ಗೊತ್ತಾದರೆ ಜಾಸ್ತಿ. ರಾಡಿ ನೀರಿನಲ್ಲಿ ಟಿಕ್ ಟಿಕ್ ಸದ್ದು ಬಿಟ್ಟು, ಮೀನಿಗೆ ತಾಗಿ ಬರುವ ಪ್ರತಿಧ್ವನಿ ಹಿಡಿದು ಬೇಟೆಯಾಡುತ್ತದೆ. ಪಕ್ಕದಲ್ಲೇ ಇಂಜಿನ್ ಗಡಗಡ ಅಂದರೆ, ನಮ್ಮ ಮುಖಕ್ಕೆ ಟಾರ್ಚ್ ಬಿಟ್ಟ ಹಾಗೆ ಅಲ್ವಾ?

ಇನ್ನು ಜಾಗ. ಕಹಲ್‌ಗಾಂವ್‌ನಲ್ಲಿ ನದಿಯ ನಡುವೆ ಮೂರು ಕಲ್ಲುಗುಡ್ಡಗಳಿವೆ. ನೀರು ಬಂಡೆಗೆ ಬಡಿದು ಹಿಂದೆ ಸುಳಿ ತಿರುಗುವ ಕಡೆ ಮೀನು ಸೇರುತ್ತವೆ. ಡಾಲ್ಫಿನ್ ಬರುವುದೂ ಅಲ್ಲಿಗೇ. ಎರಡು ಹೊಳೆ ಕೂಡುವ ಜಾಗವೂ ಅದಕ್ಕೆ ಇಷ್ಟ. ಕೂಡಲಸಂಗಮ ನೋಡಿ ಬೆಳೆದ ನನಗೆ ಇದು ಮೊದಲೇ ತಲೆಗೆ ಹೋಗಬೇಕಿತ್ತು. ಈಗ ಅಲ್ಲಿ ನಾರಾಯಣಪುರ ಜಲಾಶಯದ ಹಿನ್ನೀರು ನಿಂತಿರುತ್ತದೆ, ಸುಳಿ ಎಲ್ಲಿ ಕಾಣಬೇಕು ಬಿಡಿ. ಗಂಗೆಗೂ ಬ್ಯಾರೇಜ್ ಕಾಟ ತಪ್ಪಿಲ್ಲ. ಗೇಟಿನ ಮೇಲೊಂದು ಗುಂಪು, ಕೆಳಗೊಂದು ಗುಂಪು ಆಗಿ ಡಾಲ್ಫಿನ್‌ಗಳು ಬೇರೆಯಾಗುತ್ತವೆ.

ಮೂರನೇ ದಿನ ಸುಳಿಯ ಅಂಚಿಗೆ ಮೊದಲೇ ಫೋಕಸ್ ಮಾಡಿಟ್ಟೆ. ಶಟರ್ 1/2000, ಒಂದು ಒತ್ತಿಗೆ ಸಾಲು ಫೋಟೊ. ಒಂದು ಕಣ್ಣು ಕ್ಯಾಮೆರಾದಲ್ಲಿ, ಇನ್ನೊಂದು ನೀರಿನ ಮೇಲೆ. ಕೊನೆಗೂ ಒಂದು ಸಿಕ್ಕಿತು. ಇಕ್ಕಳದಂಥ ಉದ್ದ ಮೂತಿ, ಬಾಯಿ ಮುಚ್ಚಿದ್ದರೂ ಹೊರಗೆ ಕಾಣುವ ಹಲ್ಲು, ಬೂದು ಬೆನ್ನಿನ ಒಂದು ತುಂಡು. ಉಳಿದದ್ದೆಲ್ಲ ನೀರು.

ಮನೆಗೆ ಬಂದು ಅವ್ವನಿಗೆ ತೋರಿಸಿದೆ.

"ಇದೆಂಥಾ ಮೀನೋ ತಮ್ಮಾ? ನಮ್ಮ ಹೊಳ್ಯಾಗ ಯಾಕಿಲ್ಲ?"

"ಇದು ಗಂಗಾ, ಬ್ರಹ್ಮಪುತ್ರದ ಕಡೀದು. 2025ರಾಗ ಬಂದ ಲೆಕ್ಕದಾಗ ನಮ್ಮ ದೇಶದಾಗಿನ ಹೊಳಿ ಡಾಲ್ಫಿನ್ ಎಲ್ಲಾ ಸೇರಿ 6,327 ಅದಾವ. ಮತ್ತ ಇದು ಮೀನಲ್ಲ ಅವ್ವಾ, ಮರಿಗೆ ಹಾಲು ಕುಡಸ್ತೈತಿ. ಎಮ್ಮಿಗತೆ ಉಸಿರು ಬಿಡ್ತೈತಿ."

ಅವ್ವ ಫೋಟೊ ದೂರ ಹಿಡಿದು ಇನ್ನೊಮ್ಮೆ ನೋಡಿದಳು.

"ಹಂಗಾರ ಎಮ್ಮೀನ ಬಿಡು."